ತಂಗಿಯ ಮನೆ ಬಾಗಿಲು

ಭೀಮಾ ನದಿಯ ದಂಡೆಯ ಮೇಲೆ ಭಿಕ್ಷುಣಿಯರ ವಿಹಾರವೊಂದಿತ್ತು. ಮನೆಯಲ್ಲಿ ಯಾರಿಗೂ ಹೇಳಲಾರದ್ದನ್ನು ಊರಿನ ಹೆಣ್ಣುಮಕ್ಕಳು ಅಲ್ಲಿನ ಹಿರಿಯಳು ಬೋಧಿಸಿರಿಯ ಮುಂದೆ ಹೇಳಿ, ಅತ್ತು, ಹಗುರಾಗಿ ಹೋಗುತ್ತಿದ್ದರು. ಆಕೆಯೋ ಮಾತಿಗೆ ಬಲು ಜಿಪುಣೆ.

ಒಂದು ಬೆಳಿಗ್ಗೆ ಶಿಷ್ಯೆ ನಾಗಿಲೆ ಬಂದು ಎದುರು ಕೂತಳು. ಮುಖ ಬಾಡಿತ್ತು.

"ಅಮ್ಮಾ, ಮೈತ್ರಿಯ ಧ್ಯಾನ ನನಗೆ ಕೈಗೂಡುತ್ತಿಲ್ಲ."

"ಹೇಗೆ ಮಾಡುತ್ತೀ?"

"ನೀವು ಹೇಳಿಕೊಟ್ಟ ಹಾಗೇ. ಮೊದಲು ನನಗೆ ಸುಖವಾಗಲಿ ಅಂತೀನಿ. ಆಮೇಲೆ ಬೇಕಾದವರಿಗೆ, ಗುರುತಿಲ್ಲದವರಿಗೆ, ಆಗದವರಿಗೆ. ಹುಲಿಗೆ, ಹಾವಿಗೆ, ದಾರಿಯಲ್ಲಿ ಕುತ್ತಿಗೆ ಕೊಯ್ಯುವ ಕಳ್ಳನಿಗೂ ಮನಸಾರೆ ಹಾರೈಸುತ್ತೀನಿ. ಎಲ್ಲಾ ಸರಿಯಾಗೇ ಸಾಗುತ್ತೆ. ಒಂದು ಕಡೆ ಬಂದು ನಿಂತುಬಿಡುತ್ತೆ."

"ಎಲ್ಲಿ?"

ನಾಗಿಲೆ ನೆಲ ನೋಡಿದಳು.

"ಸರಿ. ಭಿಕ್ಷೆಗೆ ಹೊರಡು. ಇವತ್ತು ನೀನು ಮುಂದೆ, ನಾನು ಹಿಂದೆ."

ಭಿಕ್ಷೆಗೆ ಹೊರಟವರು ಒಂದು ಮನೆಯನ್ನೂ ಬಿಡುವಂತಿಲ್ಲ. ತುಪ್ಪದನ್ನ ಇಕ್ಕುವ ಮನೆಯಿರಲಿ, ಹಳಸಿದ ಅಂಬಲಿ ಹುಯ್ಯುವ ಮನೆಯಿರಲಿ, ಸಾಲು ತಪ್ಪದೆ ಪ್ರತಿ ಬಾಗಿಲಲ್ಲೂ ಸುಮ್ಮನೆ ನಿಲ್ಲಬೇಕು. ಅದು ಅವರ ನೇಮ. ನಾಗಿಲೆಯೂ ಹಾಗೇ ನಿಲ್ಲುತ್ತ ಬಂದಳು. ಅಂಬಿಗರ ಕೇರಿಯ ಕೊನೆಯ ಮನೆ ಬಂದದ್ದೇ ತಡ, ತಲೆ ತಗ್ಗಿಸಿ ಸರಸರನೆ ದಾಟಿಬಿಟ್ಟಳು. ಮೂರು ವರ್ಷದಿಂದ ಹೀಗೇ ದಾಟುತ್ತಿದ್ದಳು, ಪುಣ್ಯಾತ್ಗಿತ್ತಿ.

ಬೋಧಿಸಿರಿ ಆ ಬಾಗಿಲಲ್ಲಿ ನಿಂತಳು.

ಒಳಗಿನಿಂದ ತುಂಬು ಬಸುರಿಯೊಬ್ಬಳು ಅನ್ನ ಹಿಡಿದು ಬಂದಳು. ನಾಗಿಲೆಯ ಒಡಹುಟ್ಟಿದ ತಂಗಿ, ಪದುಮೆ.

"ಅಕ್ಕನಿಗೆ ಅಂತ ದಿನಾ ಬೇಯಿಸ್ತೀನಿ ಅಮ್ಮಾ. ಇವತ್ತಾದರೂ ನಿಲ್ತಾಳೆ ಅಂದ್ಕೊಂಡಿದ್ದೆ," ಎನ್ನುತ್ತ ಆಕೆ ಪಾತ್ರೆಗೆ ಅನ್ನ ಹಾಕಿದಳು.

"ಹೆರಿಗೆ ಯಾವಾಗ ತಾಯಿ?"

"ಇವತ್ತೋ ನಾಳೆಯೋ. ಹುಟ್ಟಿದ ಕೂಡಲೇ ಕೂಸನ್ನ ಅತ್ತೆ ತಮ್ಮೂರಿಗೆ ಎತ್ಕೊಂಡು ಹೋಗ್ತಾರೆ. ಅಲ್ಲಿ ನನ್ನ ನೆಗೆಣ್ಣಿಗೂ ಎಳೆಗೂಸಿದೆ, ಅವಳೇ ಹಾಲು ಕುಡಿಸ್ತಾಳೆ. ನಾನು ಮುಟ್ಟೋದಿಲ್ಲ."

"ಯಾಕೆ?"

ಪದುಮೆ ಎರಡೂ ಕೈಗಳನ್ನು ಸೆರಗಿನೊಳಗೆ ಮುಚ್ಚಿಕೊಂಡಳು. "ಅಕ್ಕನ್ನೇ ಕೇಳಿ," ಎಂದು ಒಳಗೆ ಹೋದಳು.

ಊರಾಚೆ ಮರದ ನೆರಳಲ್ಲಿ ಗುರು ಶಿಷ್ಯೆ ಕೂತರು.

"ಹೇಳು," ಎಂದಳು ಬೋಧಿಸಿರಿ.

"ನನಗೆ ನಾಲ್ಕು ವರ್ಷದ ಮಗಳಿದ್ದಳು. ಒಂದು ದಿನ ತಂಗಿಯ ಜೊತೆ ಹೊಳೆಗೆ ಕಳಿಸಿದೆ. ಮಗು ಮಡುವಿಗೆ ಬಿತ್ತು. ಇವಳು ಹಿಂದೆಯೇ ಹಾರಿ ಕೈ ಹಿಡಿದಳಂತೆ. ಹಿಡಿದ ಕೈ ಜಾರಿತಂತೆ. ಅಂತೆ!"

ಮೂರು ವರ್ಷದ ಸಿಟ್ಟು ಆಕೆಯ ದನಿಯಲ್ಲಿ ಹಾಗೇ ಇತ್ತು.

"ಆಗ ನೀನೇನು ಅಂದೆ?"

"ಹೆಣದ ಮುಂದೆ ಕೂತ ಹೆತ್ತವಳು ಏನು ಅಂದಾಳು? ಬಾಯಿಗೆ ಬಂದದ್ದು ಅಂದೆ. ನಿನ್ನ ಕೈಗೆ ಯಾವ ಕೂಸೂ ದಕ್ಕದೇ ಹೋಗಲಿ ಅಂದೆ."

"ಆ ಮಾತನ್ನು ಹಿಂದಕ್ಕೆ ತಗೊಂಡೆಯಾ?"

"ತಲೆ ಬೋಳಿಸಿ ಚೀವರ ಉಟ್ಟೆನಲ್ಲ ಅಮ್ಮಾ! ಮನೆಮಠ, ನಂಟು, ಎಲ್ಲಾ ಬಿಟ್ಟೆ. ಆ ನಾಗಿಲೆಯೇ ಇಲ್ಲ ಅಂದಮೇಲೆ ಅವಳ ಮಾತೆಲ್ಲಿ ಉಳಿಯಿತು?"

"ನೀನು ಬಿಟ್ಟು ಬಂದೆ. ಮಾತು ಆ ಮನೆಯಲ್ಲೇ ಇದೆ. ಅವಳು ಅದರ ಜೊತೆ ಬಾಳುತ್ತಿದ್ದಾಳೆ."

ನಾಗಿಲೆಗೆ ಸೋಲಲು ಮನಸ್ಸಾಗಲಿಲ್ಲ.

"ಹಾಗಾದರೆ ಇವತ್ತಿಂದ ಅವಳ ಮನೆ ಕಡೆಗೇ ಮುಖ ಮಾಡಿ ಕೂತು ಹಾರೈಸುತ್ತೀನಿ. ಬೇಕಾದರೆ ಸಾವಿರ ಸಲ."

ಬೋಧಿಸಿರಿ ಪದುಮೆ ಕೊಟ್ಟ ಅನ್ನವನ್ನು ತನ್ನ ಪಾತ್ರೆಯಿಂದ ತೆಗೆದು ಶಿಷ್ಯೆಯ ಪಾತ್ರೆಗೆ ಹಾಕಿದಳು.

"ತಿನ್ನು."

ನಾಗಿಲೆ ಒಂದು ತುತ್ತು ಬಾಯಿಗಿಟ್ಟಳು. ಕಣ್ಣಲ್ಲಿ ನೀರು ಬಂತು.

"ಎಳ್ಳು ಬೆಲ್ಲದ ಅನ್ನ... ನನ್ನ ಮಗಳು ಹಟ ಮಾಡಿ ಕೇಳುತ್ತಿದ್ದದ್ದು."

"ದಿನಾ ಬೇಯಿಸುತ್ತಾಳಂತೆ," ಎಂದಳು ಬೋಧಿಸಿರಿ.

ಮರುದಿನ ನಾಗಿಲೆ ಮೈ ಸರಿಯಿಲ್ಲ ಎಂದು ಭಿಕ್ಷೆಗೇ ಹೋಗಲಿಲ್ಲ. ಶುದ್ಧ ಸುಳ್ಳು. ಗುರುವಿಗೂ ಗೊತ್ತಿತ್ತು.

ಮೂರನೆಯ ದಿನ ಇಬ್ಬರೂ ಹೊರಟರು. ಅಂಬಿಗರ ಕೇರಿಯ ಕೊನೆಯ ಮನೆಯ ಮುಂದೆ ಗಾಡಿ ಕಟ್ಟಿ ನಿಲ್ಲಿಸಿದ್ದರು. ಪದುಮೆಯ ಅತ್ತೆ ಬಟ್ಟೆಯಲ್ಲಿ ಸುತ್ತಿದ ಹಸುಗೂಸನ್ನು ಎತ್ತಿಕೊಂಡು ಹೊಸ್ತಿಲು ದಾಟುತ್ತಿದ್ದಳು. ಕೂಸು ಕಿರುಚುತ್ತಿತ್ತು. ಬಾಣಂತಿ ಬಾಗಿಲಿಗೆ ಒರಗಿ, ಕೈ ಸೆರಗಿನೊಳಗಿಟ್ಟು, ಗೋಡೆಯ ಕಡೆ ಮುಖ ತಿರುಗಿಸಿಕೊಂಡಿದ್ದಳು.

ನಾಗಿಲೆ ನಿಂತಳು. ಇವತ್ತು ದಾಟಿದರೆ ಈ ಕೂಸಿಗೆ ತಾಯಿ ಇಲ್ಲ ಎಂದು ಆಕೆಗೆ ಚೆನ್ನಾಗಿ ಗೊತ್ತಿತ್ತು.

ಪಾತ್ರೆಯನ್ನು ನೆಲದ ಮೇಲಿಟ್ಟಳು.

"ಪದುಮೀ."

ಮೂರು ವರ್ಷದ ಮೇಲೆ ಅಕ್ಕ ಹೆಸರು ಹಿಡಿದು ಕರೆದದ್ದು. ತಂಗಿ ತಿರುಗಿದಳು.

"ಅವತ್ತು ನಾನು ಆಡಿದ್ದು ತಪ್ಪು ಕಣೇ. ಆ ಮಾತನ್ನ ಹಿಂದಕ್ಕೆ ತಗೊಳ್ತೀನಿ. ನೀನು ಹಿಂದೆಮುಂದೆ ನೋಡದೆ ನೀರಿಗೆ ಹಾರಿದೆ. ನಿನಗೆ ಈಜು ಬರ್ತಿರಲಿಲ್ಲ ಅಂತ ನನಗೆ ಗೊತ್ತಿತ್ತು. ಗೊತ್ತಿದ್ದೂ ಹಾಗಂದೆ."

ಪದುಮೆ ಗೊಳೋ ಎಂದು ಅತ್ತಳು. ನಾಗಿಲೆಯೂ ಅತ್ತಳು. ಬೀದಿಯ ಜನ ನೋಡುತ್ತಿದ್ದರು, ನೋಡಲಿ.

ನಾಗಿಲೆ ಅತ್ತೆಯ ಕೈಯಿಂದ ಕೂಸನ್ನು ಇಸಿದುಕೊಂಡು ತಂಗಿಯ ಮುಂದೆ ಚಾಚಿದಳು. ಪದುಮೆಯ ಕೈಗಳು ಸೆರಗಿನಿಂದ ಹೊರಗೆ ಬಂದವು. ಅರ್ಧಕ್ಕೇ ನಿಂತವು.

"ಮತ್ತೆ ಜಾರಿದರೆ ಅಕ್ಕಾ?"

ನಾಗಿಲೆ ಗುರುವಿನ ಮುಖ ನೋಡಿದಳು.

ಬೋಧಿಸಿರಿ ಹತ್ತಿರ ಬಂದಳು.

"ಜಾರದ ಕೈ ಬುದ್ಧನಿಗೂ ಇರಲಿಲ್ಲ ತಾಯಿ. ಹಿಡಿದುಕೋ."